ಕಥೆಗೊಂದು ಕ್ಯಾಲೆಂಡರ್: ಭತ್ತದ್ದೋ, ಕಬ್ಬಿನದೋ?

ನಿಮ್ಮ ಫ್ಯಾಂಟಸಿ ಲೋಕಕ್ಕೆ ಜನವರಿ, ಫೆಬ್ರವರಿ ಒಗ್ಗುವುದಿಲ್ಲ, ಅಲ್ವಾ? ಮಂಡ್ಯದ ಗದ್ದೆ ನೋಡಿಕೊಂಡು ನಾನು ಎರಡು ಕ್ಯಾಲೆಂಡರ್ ಕಟ್ಟಿ ನೋಡಿದೆ.

ಭತ್ತದ್ದು ಚುರುಕು. ಬಿತ್ತನೆಯಿಂದ ಕೊಯ್ಲಿಗೆ ನಾಲ್ಕೈದು ತಿಂಗಳು. ಒಟ್ಲು (ಸಸಿಮಡಿ), ನಾಟಿ, ತೆಂಡೆ (ಬುಡದಲ್ಲಿ ಒಡೆಯುವ ಮರಿ), ಹೊಡೆ (ತೆನೆ ಹೊರಬರುವ ಮುಂಚಿನ ಉಬ್ಬು), ಹಾಲುಗಾಳು, ಕೊಯ್ಲು: ತಿಂಗಳಿಗೆ ಹೆಸರು ಹುಡುಕುವ ಕೆಲಸವೇ ಇಲ್ಲ. ಹಾಲುಗಾಳನ್ನು ಹಿಸುಕಿದರೆ ಬೆರಳಿಗೆ ಬಿಳಿ ಹಾಲು ಅಂಟುತ್ತದೆ. ಕಾಳು ಗಟ್ಟಿಯಾಯಿತೋ, ಆ ತಿಂಗಳು ಮುಗಿಯಿತು. ನನ್ನ ಕಥೆಯ ಪೂಜಾರಿ ಪಂಚಾಂಗ ನೋಡುವುದಿಲ್ಲ, ಗದ್ದೆಗಿಳಿದು ಹಿಸುಕಿ ನೋಡುತ್ತಾನೆ. ನಾಲೆಗೆ ನೀರು ಬಿಡದಿದ್ದರೆ ವರ್ಷವೇ ಶುರುವಾಗುವುದಿಲ್ಲ. ಕಥೆಗೆ ಅದು ಒಳ್ಳೆಯದೇ ಅನ್ನಿ! ಕಷ್ಟ ಇರುವುದು ವಯಸ್ಸಿನ ಲೆಕ್ಕದಲ್ಲಿ. ಒಂದು ಬೆಳೆಗೆ ಒಂದು ವರ್ಷ ಅಂದರೆ, ನಮ್ಮ ಒಂದು ವರ್ಷದಲ್ಲಿ ಕಥೆಯ ಜನಕ್ಕೆ ಎರಡು ಯುಗಾದಿ. ಒಂದೇ ಊರಿನ ಚಿಕ್ಕ ಕಥೆಗಾದರೆ ಇದೇ ಸಾಕು.

ಕಬ್ಬು ನಿಧಾನ, ಸುಮಾರು 12 ತಿಂಗಳು. ನಡುವೆ ಸುಮ್ನೆ ಗಿಣ್ಣು ಎಣಿಸುತ್ತಾ ಕೂರಬೇಕು, ಬೋರು. ಆದರೆ ಕಡಿದ ಬುಡದಿಂದಲೇ ಮತ್ತೆ ಕೂಳೆ ಚಿಗುರುತ್ತದಲ್ಲ, ಅಲ್ಲಿದೆ ಮಜಾ. ನಾಟಿ ಒಂದು ಯುಗ, ಕೂಳೆ ಒಂದು ವರ್ಷ. ಮೂರು ತಲೆಮಾರಿನ ಕಥೆಗೆ ನಾನು ಇದನ್ನೇ ಹಿಡಿದೆ.

"ಯಾವಾಗ ಹುಟ್ಟಿದ್ದು ಅಜ್ಜಿ?"

"ನಾಕನೇ ನಾಟಿ, ಎರಡನೇ ಕೂಳೆ ಕಣಪ್ಪ."