ಚೆಲ್ಲೋ ಬಾಯಲ್ಲಿ ಎರ್ಹುವಿನ ಮಾತು: ತಾನ್ ದುನ್ ಅವರ ಆಲ್ಬಂ

ಚೀನಾದ ತಾನ್ ದುನ್ ಅವರ ಸಿನಿಮಾ ಸಂಗೀತವನ್ನು ಎಲ್ಲಿಂದ ಶುರುಮಾಡಬೇಕು ಎಂದರೆ, 2000ರಲ್ಲಿ ಸೋನಿ ಕ್ಲಾಸಿಕಲ್ ಹೊರತಂದ ‘ಕ್ರೌಚಿಂಗ್ ಟೈಗರ್, ಹಿಡನ್ ಡ್ರ್ಯಾಗನ್’ ಆಲ್ಬಂನಿಂದಲೇ. 15 ಟ್ರ್ಯಾಕ್, ಸುಮಾರು 50 ನಿಮಿಷ. ಅವರಿಗೆ ಆಸ್ಕರ್ ಬಂದದ್ದು ಈ ಸಂಗೀತಕ್ಕೆ.

ಎರ್ಹು ಎಂಬ ಚೀನೀ ಕಮಾನು ವಾದ್ಯಕ್ಕೆ ಎರಡೇ ತಂತಿ. ಕಮಾನಿನ ಕೂದಲು ಆ ಎರಡರ ನಡುವೆಯೇ ಓಡಾಡುತ್ತದೆ. ಬೆರಳು ಒತ್ತಲು ಹಲಗೆಯೂ ಇಲ್ಲ. ಹಾಗಾಗಿ ಸ್ವರದಿಂದ ಸ್ವರಕ್ಕೆ ಜಾರುವುದು ಅದರ ಹುಟ್ಟುಗುಣ. ಆ ಜಾರಿಕೆಯನ್ನು ವಾದಕ ಯೋ-ಯೋ ಮಾ ನಾಲ್ಕು ತಂತಿಯ ಚೆಲ್ಲೋದಲ್ಲಿ (ವಯಲಿನ್ ಬಳಗದ ದೊಡ್ಡ ವಾದ್ಯ) ಎತ್ತಿಕೊಳ್ಳುತ್ತಾರೆ. ಜಾರು ಗಮಕ ಕೇಳಿ ಪಳಗಿದ ಕಿವಿಗೆ ಇದು ಬೇಗ ಹಿಡಿಸುತ್ತದೆ, ರಾಗ ಹುಡುಕಲು ಕೂರದಿದ್ದರೆ.

4ನೇ ಟ್ರ್ಯಾಕ್ ‘ನೈಟ್ ಫೈಟ್’ನಲ್ಲಿ ಹಾಡಿನಂಥ ಮಟ್ಟೇ ಇಲ್ಲ, ಬರೀ ತಾಳವಾದ್ಯ. ಹುನಾನ್‌ನಲ್ಲಿ 1957ರಲ್ಲಿ ಹುಟ್ಟಿದ ತಾನ್ ದುನ್, ಸಾಂಸ್ಕೃತಿಕ ಕ್ರಾಂತಿಯ ಕಾಲದಲ್ಲಿ ಭತ್ತದ ಗದ್ದೆಯಲ್ಲಿ ದುಡಿದು, ಆಮೇಲೆ ಪೀಕಿಂಗ್ ಒಪೆರಾ ತಂಡ ಸೇರಿದವರು. ಆ ರಂಗದಲ್ಲಿ ನಟನ ಹೆಜ್ಜೆಯನ್ನೂ ಹೊಡೆದಾಟವನ್ನೂ ನಡೆಸುವುದು ಡೋಲಿನವನೇ. ಈ ಮೂರು ನಿಮಿಷ ಕೇಳಿದರೆ ಮುಂದೆ ಅವರು ಓದಿದ ಬೀಜಿಂಗ್‌ನ ಸಂಗೀತ ಕಾಲೇಜಿಗಿಂತ ಆ ತಂಡವೇ ಹೆಚ್ಚು ಕಲಿಸಿತೇನೋ ಅನ್ನಿಸುತ್ತದೆ.

ಎಡವುವುದು ವಾಲ್ಯೂಮ್ ವಿಷಯದಲ್ಲಿ. 2ನೇ ಟ್ರ್ಯಾಕ್‌ನ ಮೆಲುದನಿಯ ಚೆಲ್ಲೋಗೆ ತಕ್ಕಂತೆ ಏರಿಸಿಟ್ಟರೆ ಡೋಲು ಬಂದಾಗ ಬೆಚ್ಚಿಬೀಳುತ್ತೀರಿ. ಮೊದಲು 4ನೆಯದನ್ನು ಹಾಕಿ ಮಟ್ಟ ನೋಡಿಕೊಂಡು, ನಂತರ ಆರಂಭಕ್ಕೆ ಬನ್ನಿ. ಫೋನಿನ ಸ್ಪೀಕರ್ ಬೇಡವೇ ಬೇಡ: ದೊಡ್ಡ ಡೋಲಿನ ಕೆಳದನಿ ಮಾಯವಾಗಿ ಬರೀ ಟಕಟಕ ಉಳಿಯುತ್ತದೆ.

ಕೊರತೆಯೂ ಇದೆ. ಒಂದೇ ಮಟ್ಟು ವೇಷ ಬದಲಿಸಿ ಮತ್ತೆ ಮತ್ತೆ ಬರುತ್ತದೆ. 11, 12ರ ಹೊತ್ತಿಗೆ ಸ್ವಲ್ಪ ದಣಿವು. ಕೊನೆಯ ಎರಡು ಟ್ರ್ಯಾಕ್, ಕೋಕೋ ಲೀ ಇಂಗ್ಲಿಷ್‌ನಲ್ಲೂ ಮ್ಯಾಂಡರಿನ್‌ನಲ್ಲೂ ಹಾಡಿದ ಒಂದೇ ಪಾಪ್ ಗೀತೆ, ಅಂಟಿಸಿದಂತಿದೆ. 13ನೆಯ ‘ಫೇರ್‌ವೆಲ್’ಗೆ ನಿಲ್ಲಿಸಿದರೆ ನಷ್ಟವಿಲ್ಲ.

ಮೆಚ್ಚಿದವರು ಮುಂದೆ ‘ಹೀರೋ’ (2002) ಕೇಳಬಹುದು. ಅಲ್ಲಿ ಇತ್ಸಾಕ್ ಪರ್ಲ್‌ಮನ್ ಅವರ ವಯಲಿನ್. ‘ದಿ ಬ್ಯಾಂಕ್ವೆಟ್’ನಲ್ಲಿ (2006) ಲಾಂಗ್ ಲಾಂಗ್ ಅವರ ಪಿಯಾನೊ. ಸಿನಿಮಾದ ತುಣುಕುಗಳು ಅರ್ಧಕ್ಕೇ ಮುಗಿದಂತೆ ಕಂಡರೆ, ಇದೇ ಮಟ್ಟುಗಳನ್ನು ಬೆಳೆಸಿ ತಾನ್ ದುನ್ ಬರೆದ ಚೆಲ್ಲೋ ಕನ್ಚೆರ್ಟೊ (ವಾದ್ಯವೃಂದದೊಂದಿಗೆ ಚೆಲ್ಲೋ ಮುಖ್ಯವಾಗಿ ನುಡಿಯುವ ದೀರ್ಘ ಕೃತಿ) ಬೇರೆಯಾಗಿಯೇ ಸಿಗುತ್ತದೆ.