ಹಳೆಯ ಡಿವಿಡಿ ಕೊಳ್ಳುವ ಮುಂಚೆ ಎರಡೂ ಬದಿ ನೋಡಿ

ಕಳೆದ ತಿಂಗಳು ಮೂರು ಸಾವಿರ ರೂಪಾಯಿ ಕಳೆದುಕೊಂಡೆ. ಹಳೆಯ ಲ್ಯಾಪ್‌ಟಾಪಿನ ಡಿವಿಡಿ ಡ್ರೈವೂ ಅರ್ಧ ಹಾಳಾಯಿತು. ನಿಮಗೂ ಹೀಗಾಗದಿರಲಿ ಅಂತ ಬರೆಯುತ್ತಿದ್ದೇನೆ.

ಒಬ್ಬರು ಇಂಗ್ಲಿಷ್ ಸಿನಿಮಾಗಳ 22 ಡಿವಿಡಿ ಮಾರುತ್ತಿದ್ದರು. ಅಮೆರಿಕದಲ್ಲಿದ್ದ ಯಾರೋ 1998ರಲ್ಲಿ ಕೊಂಡವಂತೆ. ಅಲ್ಲಿ ಡಿವಿಡಿ ಅಂಗಡಿಗೆ ಬಂದಿದ್ದೇ 1997ರ ಮಾರ್ಚಿನಲ್ಲಿ. ಅಂದ್ರೆ ಮೊದಲ ಕೊಯ್ಲು! ಆಸೆ ತಡೆಯಲಿಲ್ಲ. "ಒಂದು ಗೀರೂ ಇಲ್ಲ ಸಾರ್" ಅಂದರು. ಗೀರು ನಿಜಕ್ಕೂ ಇರಲಿಲ್ಲ.

ಮನೆಯ ಪ್ಲೇಯರ್ ಒಂದನ್ನೂ ಒಪ್ಪಲಿಲ್ಲ. ಡಿವಿಡಿಗೂ ಪ್ಲೇಯರಿಗೂ ಆಯಾ ಪ್ರದೇಶದ ರೀಜನ್ ನಂಬರ್ ಇರುತ್ತದೆ, ಎರಡೂ ಹೊಂದದಿದ್ದರೆ ಓಡದು. ಅವು ರೀಜನ್ 1, ನಮ್ಮ ದೇಶದ್ದು ರೀಜನ್ 5. ಗೊತ್ತಿದ್ದೂ ಕೊಂಡಿದ್ದೆ, ಲ್ಯಾಪ್‌ಟಾಪ್ ಇದೆಯಲ್ಲ ಅಂತ. ಡ್ರೈವಿನಲ್ಲಿ ರೀಜನ್ ಬದಲಾಯಿಸಬಹುದು ನಿಜ, ಆದರೆ ಐದೇ ಸಲ. ಇದಕ್ಕೆ 1, ಇಲ್ಲಿ ಕೊಂಡಿದ್ದಕ್ಕೆ 5, ಮತ್ತೆ 1 ಅಂತ ಆಡುತ್ತಾ ಲೆಕ್ಕ ತಪ್ಪಿತು. ಡ್ರೈವು 1ರಲ್ಲೇ ಬೀಗ ಹಾಕಿಕೊಂಡು ಕೂತಿದೆ. ಇಲ್ಲಿ ಕೊಂಡ ರೀಜನ್ 5ರ ಡಿಸ್ಕುಗಳು ಇನ್ನು ಅದರಲ್ಲಿ ಓಡುವುದಿಲ್ಲ.

ಇನ್ನೊಂದು ವಿಷಯ ಕೇಳಿ. ಆ ಕಾಲದ ಕೆಲವು ಡಿಸ್ಕುಗಳಲ್ಲಿ ಎರಡೂ ಬದಿ ಸಿನಿಮಾ ಇರುತ್ತದೆ. ಒಂದು ಬದಿ ಅಗಲ ಪರದೆಯದು, ಇನ್ನೊಂದು ಹಳೆಯ ಚೌಕ ಟಿವಿಯದು. ಕೆಲವದರಲ್ಲಿ ಅರ್ಧ ಸಿನಿಮಾ ಆದಮೇಲೆ ಎದ್ದು ಹೋಗಿ ದೋಸೆಯ ಹಾಗೆ ಮಗುಚಬೇಕು. ಇಂಥ ಡಿಸ್ಕಿನ ಮೇಲೆ ಪೋಸ್ಟರಿನ ಚಿತ್ರ ಅಚ್ಚು ಹಾಕಲು ಜಾಗವೇ ಇಲ್ಲ, ನಡುವಿನ ತೂತಿನ ಸುತ್ತ ಸಣ್ಣ ಅಕ್ಷರವಷ್ಟೇ. ಮಾರಿದವರಿಗೆ ಇದು ತಿಳಿದಿಲ್ಲ. ಒಂದು ಬದಿ ಖಾಲಿ ಅಂದುಕೊಂಡು ನಾಲ್ಕು ಡಿಸ್ಕಿನ ಮೇಲೆ ನಂಬರಿನ ಸ್ಟಿಕರ್ ಅಂಟಿಸಿದ್ದಾರೆ!

ಓಡಿದವೂ ಅಷ್ಟಕ್ಕಷ್ಟೇ. ಅಗಲ ಪರದೆಯ ಚಿತ್ರವನ್ನು ಚೌಕ ಟಿವಿಗೆ ಹೊಂದಿಸಿ, ಮೇಲೆ ಕೆಳಗೆ ಕಪ್ಪು ಪಟ್ಟಿ ಸೇರಿಸಿಯೇ ಡಿಸ್ಕಿಗೆ ಇಳಿಸುತ್ತಿದ್ದ ಕಾಲ ಅದು. ಈಗಿನ ಟಿವಿಯಲ್ಲಿ ಎಡಬಲಕ್ಕೂ ಕಪ್ಪು. ನಡುವೆ ಕಿಟಕಿಯಷ್ಟು ಸಿನಿಮಾ. ಹಿಗ್ಗಿಸಿದರೆ ಮಸುಕು.

ವಾಪಸ್ ತಗೊಳ್ಳಿ ಅಂದೆ. "ಗೀರಿಲ್ಲ ಅಂದಿದ್ದೆ, ಓಡುತ್ತೆ ಅಂದಿದ್ನಾ?" ಅಂದುಬಿಟ್ಟರು.

ಆದ್ದರಿಂದ ದುಡ್ಡು ಕೊಡುವ ಮುಂಚೆ ಪೆಟ್ಟಿಗೆಯ ಹಿಂಬದಿಯ ಫೋಟೊ ಕೇಳಿ. ಪುಟ್ಟ ಗ್ಲೋಬಿನ ಮೇಲೆ ರೀಜನ್ ನಂಬರ್ ಇರುತ್ತದೆ. ಡಿಸ್ಕಿನ ಎರಡೂ ಬದಿಯ ಫೋಟೊ ಕೇಳಿ. ಅಂಚಿನಲ್ಲಿ ಪದರ ಬಿಟ್ಟಿದೆಯಾ ನೋಡಿ. ಡಿವಿಡಿ ಅಂದರೆ 0.6 ಮಿಲಿಮೀಟರಿನ ಎರಡು ತಟ್ಟೆ ಅಂಟಿಸಿದ್ದು, ಅಂಟು ಬಿಟ್ಟರೆ ಕಥೆ ಮುಗಿಯಿತು.

ಸ್ಟಿಕರುಗಳಿಗೆ ಕೊಬ್ಬರಿ ಎಣ್ಣೆ ಹಚ್ಚಿಟ್ಟಿದ್ದೇನೆ. ಇಷ್ಟರವರೆಗೆ ಒಂದು ಎದ್ದಿದೆ.