ಮುರಿದ ಡಿಯೋಡ್ರಂಟ್ ಡಬ್ಬಿ: ಗಮ್ಮು, ಮೊಳೆ, ಚಪ್ಪಲಿ ರಬ್ಬರು, ಯಾವುದು ನಿಂತಿತು?

ಮೊದಲೇ ಹೇಳಿಬಿಡುತ್ತೇನೆ, ನನ್ನ ಓಟು ಚಪ್ಪಲಿ ರಬ್ಬರಿಗೆ. ಹಳೇ ಹವಾಯಿ ಚಪ್ಪಲಿಯ ಒಂದು ತುಂಡು, ಒಂದು ಪೆನ್ಸಿಲ್, ಅವಧಿ ಮುಗಿದ ಒಂದು ಎಟಿಎಂ ಕಾರ್ಡು. ಇಷ್ಟರಲ್ಲೇ ನನ್ನ ಮುರಿದ ಡಿಯೋಡ್ರಂಟ್ ಸ್ಟಿಕ್ ಡಬ್ಬಿ (ತಳದ ಚಕ್ರ ತಿರುಗಿಸಿದರೆ ಗಟ್ಟಿ ಸ್ಟಿಕ್ ಮೇಲೆ ಬರುವಂಥದ್ದು) ಎರಡು ತಿಂಗಳಿಂದ ನಡೆಯುತ್ತಿದೆ. ಅದಕ್ಕೂ ಮೊದಲು ಸೂಪರ್ ಗ್ಲೂ ಹಾಕಿದೆ, ಎಪಾಕ್ಸಿ (ಎರಡು ಟ್ಯೂಬು ಕಲಸಿ ಹಚ್ಚುವ ಅಂಟು) ಹಾಕಿದೆ, ಮೊಳೆ ಕಾಯಿಸಿ ಚುಚ್ಚಿದೆ, ಕರಗಿಸಿ ಬೇರೆ ಡಬ್ಬಿಗೂ ಹೊಯ್ದು ನೋಡಿದೆ. ಒಂದೊಂದೂ ಎಲ್ಲಿ ಕೈಕೊಟ್ಟಿತು ಅಂತ ಬರೆದಿಟ್ಟರೆ ಇನ್ನೊಬ್ಬರಿಗಾದರೂ ಆ ಒದ್ದಾಟ ತಪ್ಪುತ್ತದೆ.

ಸ್ಟಿಕ್ಕೇ ಯಾಕೆ ಬೇಕು, ಸ್ಪ್ರೇ ತಗೊಳ್ಳಬಹುದಲ್ವಾ ಅಂತ ನೀವು ಕೇಳಬಹುದು. ನಮ್ಮ ಅತ್ತೆಗೆ ದಮ್ಮಿನ ತೊಂದರೆ ಇದೆ. ನಮ್ಮದು ಎರಡು ಕೋಣೆಯ ಮನೆ. ಒಂದು ಕೋಣೆಯಲ್ಲಿ ಸ್ಪ್ರೇ ಹೊಡೆದರೆ ಇನ್ನೊಂದರಲ್ಲಿ ಅವರಿಗೆ ಕೆಮ್ಮು ಶುರು. ರೋಲ್ ಆನ್ ಆದರೆ ಒಣಗುವ ತನಕ ಕೈ ಎತ್ತಿಕೊಂಡು ನಿಲ್ಲಬೇಕು, ಬೆಳಿಗ್ಗೆ ಅಷ್ಟು ಪುರಸೊತ್ತು ಎಲ್ಲಿದೆ? ಕಲಬುರಗಿಯಲ್ಲಿ ಏಪ್ರಿಲ್, ಮೇ ಎರಡು ತಿಂಗಳು ಸರ್ಕಾರಿ ಕಚೇರಿಗಳು ಬೆಳಿಗ್ಗೆ 8ಕ್ಕೆ ತೆರೆದು ಮಧ್ಯಾಹ್ನ 1.30ಕ್ಕೆ ಮುಚ್ಚುತ್ತವೆ. ಬಿಸಿಲಿಗೆ ಅಂತಲೇ ಮಾಡಿದ ವೇಳೆ ಅದು. ಒಳ್ಳೆಯದೇ, ಆದರೆ ಸೂರ್ಯ ನೆತ್ತಿಯ ಮೇಲಿರುವಾಗಲೇ ಸ್ಕೂಟಿ ಹತ್ತಿ ಮನೆಗೆ ಬರಬೇಕು. 42, 43 ಡಿಗ್ರಿ ಅನ್ನುವುದು ನಮ್ಮ ಊರಿಗೆ ಹೊಸ ಸುದ್ದಿ ಅಲ್ಲ. ಇಲ್ಲಿ ಡಿಯೋಡ್ರಂಟ್ ಶೋಕಿಯ ವಸ್ತು ಅಲ್ಲ, ನೀರಿನ ಬಾಟಲಿ ಇದ್ದ ಹಾಗೆ. ಬ್ಯಾಗಿನಲ್ಲಿ ಇರಲೇಬೇಕು.

ಡಬ್ಬಿ ಮುರಿದದ್ದು ನನ್ನ ಕೈಯಲ್ಲಿ, ಮುರಿಯುವ ಹಾಗೆ ಮಾಡಿದ್ದು ಸ್ಕೂಟಿಯ ಸೀಟಿನ ಕೆಳಗಿನ ಡಿಕ್ಕಿ. ಏಪ್ರಿಲ್ ಮೂರನೇ ವಾರ ಒಂದು ದಿನ ಬ್ಯಾಗನ್ನು ಡಿಕ್ಕಿಯಲ್ಲೇ ಬಿಟ್ಟು ಕೆಲಸಕ್ಕೆ ಹೋದೆ. ಬೆಳಿಗ್ಗೆ ಬೇವಿನ ಮರದ ನೆರಳಲ್ಲಿ ನಿಲ್ಲಿಸಿದ್ದ ಗಾಡಿ ಮಧ್ಯಾಹ್ನದ ಹೊತ್ತಿಗೆ ಪೂರ್ತಿ ಬಿಸಿಲಲ್ಲಿತ್ತು. ಸ್ಟಿಕ್ ಬೆಣ್ಣೆಯ ಹಾಗೆ ಮೆತ್ತಗಾಗಿತ್ತು. ಮನೆಗೆ ತಂದು ನೆಟ್ಟಗೆ ನಿಲ್ಲಿಸಿದೆ, ಗಟ್ಟಿಯಾಯಿತು, ಸರಿಹೋಯಿತು ಅಂದುಕೊಂಡೆ. ಮರುದಿನ ಕೆಳಗಿನ ಚಕ್ರ ತಿರುಗಲಿಲ್ಲ. ಟವೆಲ್ ಸುತ್ತಿ ಜೋರಾಗಿ ತಿರುವಿದೆ. ಟಕ್ ಅಂತು. ಆಮೇಲೆ ಚಕ್ರ ಸುಮ್ನೆ ಗಿರಗಿರ ತಿರುಗುತ್ತದೆ, ಸ್ಟಿಕ್ ಮಾತ್ರ ಕದಲುವುದಿಲ್ಲ. 260 ರೂಪಾಯಿಯ ಡಬ್ಬಿ, ಅರ್ಧಕ್ಕಿಂತ ಜಾಸ್ತಿ ಉಳಿದಿತ್ತು. ಬಿಸಾಡಲು ಮನಸ್ಸು ಬರಲಿಲ್ಲ.

ಚಮಚದ ಹಿಡಿಕೆಯಿಂದ ಮೀಟಿದಾಗ ಚಕ್ರ ಕಳಚಿ ಬಂತು. ಒಳಗಿರುವುದು ಸರಳ ಲೆಕ್ಕ. ಚಕ್ರಕ್ಕೆ ಅಂಟಿದ ಹಾಗೆ ಒಂದು ಉದ್ದ ಪ್ಲಾಸ್ಟಿಕ್ ಸ್ಕ್ರೂ. ಅದರ ಮೇಲೆ ಒಂದು ತಟ್ಟೆ, ತಟ್ಟೆಯ ಮೇಲೆ ಸ್ಟಿಕ್. ಡಬ್ಬಿ ಮೊಟ್ಟೆಯಾಕಾರದಲ್ಲಿ ಇರುವುದರಿಂದ ತಟ್ಟೆ ಸ್ಕ್ರೂ ಜೊತೆ ಸುತ್ತಲಾರದು. ಸುತ್ತಲಾಗದೆ ಮೇಲೆ ಹತ್ತುತ್ತದೆ. ನನ್ನದರಲ್ಲಿ ಸ್ಕ್ರೂ ಚಕ್ರಕ್ಕೆ ಸೇರುವ ಕುತ್ತಿಗೆಯಲ್ಲೇ ಮುರಿದಿತ್ತು. ಆ ಕುತ್ತಿಗೆ ಪೆನ್ನಿನ ರೀಫಿಲ್‌ಗಿಂತ ಒಂಚೂರು ದಪ್ಪ, ಅಷ್ಟೇ. ಮತ್ತು ಸ್ಕ್ರೂವಿನ ಥ್ರೆಡ್ಡುಗಳ ಸಂದಿನಲ್ಲೆಲ್ಲ ಕರಗಿ ಇಳಿದ ಬಿಳಿ ಮೇಣ ಮತ್ತೆ ಹೆಪ್ಪುಗಟ್ಟಿ ಕೂತಿತ್ತು, ಇಟ್ಟಿಗೆಯ ನಡುವಿನ ಸಿಮೆಂಟಿನ ಹಾಗೆ.

ಈ ಹೆಪ್ಪುಗಟ್ಟಿದ ಮೇಣವೇ ನಿಜವಾದ ಕಾಟ. ಅದನ್ನು ಅರ್ಥ ಮಾಡಿಕೊಳ್ಳಲು ನನಗೆ ಎರಡು ವಾರ ಬೇಕಾಯಿತು. ನಾನು ಮುರಿದ ಕುತ್ತಿಗೆಯನ್ನೇ ನೋಡುತ್ತಿದ್ದೆ. ಅದನ್ನು ಜೋಡಿಸಿದರೆ ಮುಗಿಯಿತು ಅಂದುಕೊಂಡಿದ್ದೆ. ಆದರೆ ಕುತ್ತಿಗೆ ಮುರಿದದ್ದೇ ಸ್ಕ್ರೂ ಬಿಗಿದದ್ದಕ್ಕೆ. ಜೋಡಿಸಿದ ಮೇಲೂ ಸ್ಕ್ರೂ ಅಷ್ಟೇ ಬಿಗಿ. ಹೊಸ ಕುತ್ತಿಗೆಯನ್ನೇ ಮುರಿದ ಆ ಬಿಗಿತವನ್ನು ರಿಪೇರಿ ಮಾಡಿದ ಕುತ್ತಿಗೆ ಹೇಗೆ ತಡೆದೀತು? ಮುಂದೆ ಹೇಳುವ ಮೂರು ಉಪಾಯವೂ ಬಿದ್ದದ್ದು ಇಲ್ಲೇ.

ಸೂಪರ್ ಗ್ಲೂ ಕತೆ ಬೇಗ ಮುಗಿಯಿತು. ಎರಡೂ ತುದಿಗೆ ಹಚ್ಚಿ, ಒತ್ತಿ ಹಿಡಿದು, ಒಂದು ರಾತ್ರಿ ಬಿಟ್ಟೆ. ಬೆಳಿಗ್ಗೆ ಬೆರಳಲ್ಲಿ ಮುಟ್ಟಿದರೆ ಗಟ್ಟಿ. ತಿರುಗಿಸಿದ ಕೂಡಲೇ ಗಾಜಿನ ಚೂರಿನ ಹಾಗೆ ಬಿಟ್ಟುಕೊಂಡಿತು. ಗಮ್ಮಿನ ಪದರ ಪೂರ್ತಿಯಾಗಿ ಸಿಪ್ಪೆಯ ಹಾಗೆ ಎದ್ದು ಬಂತು, ಕೆಳಗೆ ಪ್ಲಾಸ್ಟಿಕ್ ನುಣ್ಣಗೆ ಹಾಗೇ ಇತ್ತು. ಅಡುಗೆ ಸೋಡಾ ಉದುರಿಸಿ ಅದರ ಮೇಲೆ ಗಮ್ ಹಾಕಿದರೆ ಕಲ್ಲಿನ ಹಾಗೆ ಆಗುತ್ತದೆ ಅಂತ ಕಚೇರಿಯಲ್ಲಿ ಒಬ್ಬರು ಹೇಳಿದರು. ಆಗುತ್ತದೆ, ನಿಜ. ಆದರೆ ಆ ಕಲ್ಲೂ ಸಿಪ್ಪೆಯ ಹಾಗೇ ಎದ್ದು ಬಂತು.

ಸೂಪರ್ ಮಾರ್ಕೆಟ್ ಕಡೆಯ ಒಂದು ಹಾರ್ಡ್‌ವೇರ್ ಅಂಗಡಿಗೆ ಡಬ್ಬಿ ಸಮೇತ ಹೋದೆ. ಅಂಗಡಿಯವರು ಡಬ್ಬಿಯ ತಳ ತಿರುಗಿಸಿ ತೋರಿಸಿದರು. ಮೂರು ಬಾಣದ ತ್ರಿಕೋನ, ಒಳಗೆ 5 ಅಂಕಿ. ಅಂದರೆ ಪಾಲಿಪ್ರೊಪಿಲೀನ್ ಅನ್ನುವ ಪ್ಲಾಸ್ಟಿಕ್. "ಅಕ್ಕಾರ, ಇದಕ್ಕ ಗಮ್ ಹಿಡಿಯಂಗಿಲ್ರಿ. ಗಮ್ಮಿನ ಮೂತಿನೂ ಇಂಥಾದೇ ಪ್ಲಾಸ್ಟಿಕ್ ಇರ್ತದ ನೋಡ್ರಿ. ಹಿಡೀತಿದ್ರ ಗಮ್ ಹೊರಗ ಹ್ಯಾಂಗ ಬರ್ತಿತ್ತು?" ಅಂದರು. ಎಷ್ಟು ಸರಿಯಾದ ಮಾತು! ಎಣ್ಣೆ ಸವರಿದ ಹಂಚಿನ ಮೇಲೆ ನೀರು ಹನಿಹನಿಯಾಗಿ ನಿಲ್ಲುತ್ತದಲ್ವಾ, ಈ ಪ್ಲಾಸ್ಟಿಕ್ ಮೇಲೆ ಗಮ್ಮೂ ಹಾಗೆ. ಹರಡುವುದಿಲ್ಲ, ಆದ್ದರಿಂದ ಕಚ್ಚಿಕೊಳ್ಳುವುದೂ ಇಲ್ಲ. ಜೊತೆಗೆ ನನ್ನದರ ಮೇಲೆ ಮೇಣದ ಜಿಡ್ಡು ಬೇರೆ.

ಅಷ್ಟು ಕೇಳಿದ ಮೇಲೂ ಎರಡು ಟ್ಯೂಬಿನ ಎಪಾಕ್ಸಿ ತಂದೆ. ಮರಳು ಕಾಗದದಿಂದ ಉಜ್ಜಿ, ಕುತ್ತಿಗೆಯ ಸುತ್ತ ಕಾಲರಿನ ಹಾಗೆ ದಪ್ಪಗೆ ಮೆತ್ತಿದೆ. ಎರಡು ದಿನ ನಿಂತಿತು. ಮೂರನೇ ದಿನ ಕಾಲರು ಬಳೆಯ ಹಾಗೆ ಕಳಚಿ ಬಂತು. ಗಮ್ಮಿಗೆ ಹೋಲಿಸಿದರೆ ಮೇಲು, ಆದರೆ ದುಡ್ಡಿಗೆ ತಕ್ಕದ್ದಲ್ಲ.

ಕಾಯಿಸಿದ ಮೊಳೆ ಇವೆರಡಕ್ಕಿಂತ ಬಹಳ ವಾಸಿ. ಸಣ್ಣ ಮೊಳೆಯ ತಲೆ ಕತ್ತರಿಸಿ, ಪಕ್ಕಡಿನಲ್ಲಿ ಹಿಡಿದು, ಗ್ಯಾಸ್ ಮೇಲೆ ಕಾಯಿಸಿ ಚಕ್ರದ ತುಂಡಿಗೆ ಅರ್ಧ ಇಳಿಸಿದೆ. ಉಳಿದ ಅರ್ಧವನ್ನು ಮತ್ತೆ ಕಾಯಿಸಿ ಸ್ಕ್ರೂ ಒಳಗೆ ಒತ್ತಿದೆ. ಕಿಟಕಿ ತೆರೆದಿಟ್ಟೇ ಮಾಡಿ, ಹೊಗೆ ಬರುತ್ತದೆ. ಒಂಬತ್ತು ದಿನ ನಡೆಯಿತು. ಹತ್ತನೇ ದಿನ ಮತ್ತೆ ಗಿರಗಿರ. ಬಿಚ್ಚಿ ನೋಡಿದರೆ ಮೊಳೆ ನೆಟ್ಟಗೇ ಇದೆ, ಆದರೆ ಅದು ದುಂಡಗಿದೆಯಲ್ಲ, ತೂತಿನೊಳಗೆ ಅದೇ ಸುತ್ತುತ್ತಿತ್ತು. ಮೊಳೆಯನ್ನು ಮೊದಲೇ ಸುತ್ತಿಗೆಯಿಂದ ತಟ್ಟಿ ಚಪ್ಪಟೆ ಮಾಡಿದ್ದರೆ ಇನ್ನಷ್ಟು ದಿನ ತಡೆಯುತ್ತಿತ್ತು. ಸ್ಕ್ರೂ ಬಿಗಿಯಾಗದೆ, ಡಬ್ಬಿ ಬಿದ್ದು ಕುತ್ತಿಗೆ ಮುರಿದಿದ್ದರೆ ಚಪ್ಪಟೆ ಮೊಳೆಯನ್ನೇ ಮಾಡಿ ನೋಡಿ. ನನ್ನ ಸ್ಕ್ರೂ ಮಾತ್ರ ಮೇಣದಲ್ಲಿ ಹೂತುಹೋಗಿತ್ತು.

ಕರಗಿಸಿ ಹೊಯ್ಯುವುದನ್ನು ಹಳೆಯದೊಂದು ಸ್ಟಿಕ್ಕಿನ ತಳದಲ್ಲಿ ಉಳಿದಿದ್ದ ಚೂರಿನ ಮೇಲೆ ಮಾಡಿದೆ. ಬಿಸಿನೀರಿನ ಪಾತ್ರೆಯಲ್ಲಿ ಸಣ್ಣ ಸ್ಟೀಲ್ ಬಟ್ಟಲು ಇಟ್ಟು ಕರಗಿಸಬೇಕು. ನೇರ ಉರಿ ಬೇಡವೇ ಬೇಡ, ಕೆಲವು ಸ್ಟಿಕ್ಕುಗಳಲ್ಲಿ ಬೆಂಕಿ ಹತ್ತುವ ಆಲ್ಕೋಹಾಲ್ ಇರುತ್ತದೆ. ಬಟ್ಟಲನ್ನು ಮತ್ತೆ ಅಡುಗೆಗೆ ಬಳಸಬೇಡಿ. ನನ್ನದು ಬೆವರು ತಡೆಯುವ ಬಿಳಿ ಸ್ಟಿಕ್, ಅದರಲ್ಲಿ ಅಲ್ಯೂಮಿನಿಯಂ ಲವಣದ ಪುಡಿ ಇದೆ. ಕರಗಿದಾಗ ಪುಡಿ ತಳಕ್ಕೆ ಇಳಿದು, ಹೆಪ್ಪುಗಟ್ಟಿದ ಮೇಲೆ ಮೇಲೆಲ್ಲ ಮೇಣ, ಕೆಳಗೆಲ್ಲ ರವೆ. ಪರಿಮಳ ಪೂರ್ತಿ ಅಡುಗೆಮನೆಗೆ ಹೋಯಿತು. ಅತ್ತೆಗೆ ಅವತ್ತೂ ಕೆಮ್ಮು ಬಂತು. ಅಲ್ಲಿಗೆ ಆ ದಾರಿ ಬಿಟ್ಟೆ.

ಬೆರಳಲ್ಲಿ ಕೆರೆದು ಹಚ್ಚಿಕೊಳ್ಳುವುದು: ಉಗುರಿನ ಸಂದಿಯಲ್ಲೇ ಅರ್ಧ ಉಳಿಯುತ್ತದೆ.

ಚಪ್ಪಲಿ ರಬ್ಬರಿನ ದಾರಿ ತೋರಿಸಿದ್ದೂ ಅತ್ತೆಯೇ. ಮೊಳೆ ಕೈಕೊಟ್ಟ ದಿನ ನಾನು ಪಡಸಾಲೆಯಲ್ಲಿ ಬಿಡಿಭಾಗ ಹರಡಿಕೊಂಡು ಕೂತಿದ್ದೆ. ಅವರು ಹಪ್ಪಳ, ಸಂಡಿಗೆಗೆ ಅಂತ ಅಟ್ಟದ ಸಾಮಾನು ಇಳಿಸುತ್ತಿದ್ದರು. ಕೈಯಲ್ಲಿ ಹಳೇ ಹಿತ್ತಾಳೆಯ ಚಕ್ಕುಲಿ ಒರಳು, ಮೇಲಿಂದ ಒತ್ತುವಂಥದ್ದು. ಸ್ವಲ್ಪ ಹೊತ್ತು ನೋಡಿ ಅಂದರು: "ತಿರುವೂದು ಯಾಕ ಬೇಕವ್ವ? ತಳದಾಗಿಂದ ನೂಕಿದ್ರ ಮ್ಯಾಲ ಬರಲ್ಲೇನು?"

ಬರುತ್ತದೆ! ತಿರುಗಿಸುವುದನ್ನೇ ಬಿಟ್ಟರೆ ಸ್ಕ್ರೂ ಬೇಡ, ಕುತ್ತಿಗೆ ಬೇಡ, ಗಮ್ ಬೇಡ.

ನಾನು ಮಾಡಿದ್ದು ಹೀಗೆ. ಡಬ್ಬಿಯನ್ನು ಒಂದು ಗಂಟೆ ಫ್ರಿಜ್ಜಿನಲ್ಲಿಟ್ಟೆ. ತಣ್ಣಗಾದಾಗ ಸ್ಟಿಕ್ ಒಂಚೂರು ಕುಗ್ಗಿ ಗೋಡೆ ಬಿಡುತ್ತದೆ. ಚಕ್ರ ತೆಗೆದ ಜಾಗದ ತೂತಿನಿಂದ ಪೆನ್ಸಿಲ್ಲಿನ ಹಿಂಬದಿ ಹಾಕಿ ಮೆಲ್ಲಗೆ ನೂಕಿದರೆ ಸ್ಕ್ರೂ, ತಟ್ಟೆ, ಸ್ಟಿಕ್ ಎಲ್ಲ ಒಟ್ಟಿಗೆ ಮೇಲಿಂದ ಹೊರಬಂತು. ಸ್ಕ್ರೂವನ್ನು ಪಕ್ಕಡಿನಿಂದ ತಿರುವಿ ಎಳೆದು ತೆಗೆದೆ. ಸ್ಟಿಕ್ಕಿನ ನಡುವೆ ಒಂದು ತೂತು ಉಳಿಯುತ್ತದೆ, ಅದರಿಂದ ಏನೂ ತೊಂದರೆ ಇಲ್ಲ. ತಟ್ಟೆಯ ಅಡಿಯಲ್ಲಿ ಸ್ಕ್ರೂ ಕೂರುವ ಕೊಳವೆ ಇರುತ್ತದೆ, ಅದನ್ನು ಬ್ಲೇಡಿನಿಂದ ಕತ್ತರಿಸಿದೆ. ರಬ್ಬರಿಗೆ ಜಾಗ ಸಿಗುವುದು ಅಲ್ಲೇ.

ರಬ್ಬರ್ ಕತ್ತರಿಸುವುದೇ ಇದರಲ್ಲಿ ನಾಜೂಕಿನ ಕೆಲಸ. ಮೊದಲ ಸಲ ಡಬ್ಬಿಯನ್ನೇ ಚಪ್ಪಲಿಯ ಮೇಲಿಟ್ಟು ಗೆರೆ ಎಳೆದೆ. ಅದು ಹೊರಗಿನ ಅಳತೆ, ಒಳಗೆ ಹೋಗಲೇ ಇಲ್ಲ. ಎರಡನೇ ಸಲ ತಟ್ಟೆಯನ್ನಿಟ್ಟು ಗೆರೆ ಎಳೆದು ಗೆರೆಯ ಮೇಲೇ ಕತ್ತರಿಸಿದೆ. ಸಲೀಸಾಗಿ ಹೋಯಿತು, ಆದರೆ ಕಂಕುಳಿಗೆ ಒತ್ತಿದ ಕೂಡಲೇ ಸ್ಟಿಕ್ ಒಳಗೆ ಜಾರಿತು. ಮೂರನೇ ಸಲ ಗೆರೆಯಿಂದ ಒಂದು ಮಿಲಿಮೀಟರ್ ಹೊರಗೆ ಕತ್ತರಿಸಿದೆ. ಅದು ಸರಿಯಾದ ಅಳತೆ. ಬ್ಲೇಡನ್ನು ನೀರಿನಲ್ಲಿ ಅದ್ದಿಕೊಂಡು ಕತ್ತರಿಸಿ, ರಬ್ಬರ್ ಹಿಡಿದುಕೊಳ್ಳದೆ ನೀಟಾಗಿ ಬರುತ್ತದೆ. ಅಟ್ಟೆ ದಪ್ಪ ಇದ್ದರೆ ಅಡ್ಡ ಸೀಳಿ ಅರ್ಧ ಮಾಡಿ.

ಎಟಿಎಂ ಕಾರ್ಡು ಯಾಕೆ? ಬರೀ ರಬ್ಬರಿಗೆ ಪೆನ್ಸಿಲ್ ಒತ್ತಿದರೆ ನಡುವೆ ಗುಳಿ ಬೀಳುತ್ತದೆ, ಅಂಚು ಕದಲುವುದಿಲ್ಲ, ತಟ್ಟೆ ವಾಲುತ್ತದೆ. ಕಾರ್ಡನ್ನು ಅದೇ ಆಕಾರಕ್ಕೆ, ಒಂಚೂರು ಸಣ್ಣದಾಗಿ ಕತ್ತರಿಸಿ ರಬ್ಬರಿನ ಅಡಿಗೆ ಇಟ್ಟರೆ ಒತ್ತಡ ಸಮನಾಗಿ ಹಂಚುತ್ತದೆ. ಡಬ್ಬಿಯ ಒಳಗೋಡೆಯ ಜಿಡ್ಡನ್ನು ಬಿಸಿನೀರಿನ ಬಟ್ಟೆಯಿಂದ ಒರೆಸಿ, ಒಣಗಿಸಿ, ಮೊದಲು ಕಾರ್ಡು, ಆಮೇಲೆ ರಬ್ಬರು, ತಟ್ಟೆ, ಕೊನೆಗೆ ಸ್ಟಿಕ್. ಎಲ್ಲವೂ ಮೇಲಿಂದಲೇ. ಖರ್ಚು ಸೊನ್ನೆ, ಸಮಯ ಮುಕ್ಕಾಲು ಗಂಟೆ.

ಕುಂದು ಇಲ್ಲ ಅನ್ನುವುದಿಲ್ಲ. ಪೆನ್ಸಿಲ್ ಜೊತೆಗಿರಬೇಕು. ಜಾಸ್ತಿ ನೂಕಿಬಿಟ್ಟರೆ ಮುಚ್ಚಳದಿಂದ ಒತ್ತಿ ಕೆಳಗಿಳಿಸಬೇಕು. ತಳದ ತೂತಿಗೆ ಧೂಳು ಹೋಗದ ಹಾಗೆ ಟೇಪಿನ ಚೂರು ಅಂಟಿಸಬೇಕು. ಪ್ರವಾಸಕ್ಕೆ ಒಯ್ಯುವವರಿಗೆ ಇದು ಕಿರಿಕಿರಿ ಅನ್ನಿಸಬಹುದು. ದಿನಾ ಒಂದೇ ಜಾಗದಲ್ಲಿ, ಒಂದೇ ಹೊತ್ತಿಗೆ ಹಚ್ಚಿಕೊಳ್ಳುವ ನನಗೆ ಏನೂ ಅನ್ನಿಸಿಲ್ಲ. ತಿಂಗಳ ಖರ್ಚನ್ನು ಬರೆದಿಟ್ಟು ನಡೆಸುವ ಮನೆ ನಮ್ಮದು, 260 ರೂಪಾಯಿ ಉಳಿದದ್ದು ನನಗೆ ಸಣ್ಣ ವಿಷಯ ಅಲ್ಲ.

ಬೀದರ್‌ನಲ್ಲಿರುವ ತಂಗಿಯ ಡಬ್ಬಿಯಲ್ಲಿ ಬೇರೆ ತಕರಾರು. ಸ್ಕ್ರೂ ಮುರಿದಿರಲಿಲ್ಲ, ಥ್ರೆಡ್ ಸವೆದು ತಟ್ಟೆ ಜಾರುತ್ತಿತ್ತು. ನಲ್ಲಿಗೆ ಸುತ್ತುವ ಟೆಫ್ಲಾನ್ ಟೇಪನ್ನು ಸ್ಕ್ರೂಗೆ ಮೂರು ಸುತ್ತು ಹಾಕಿದಳು, ಹಿಡಿದುಕೊಂಡಿತು. ಅಂಥದ್ದಕ್ಕೆ ಅದೇ ಸಾಕು, ಚಪ್ಪಲಿ ಕತ್ತರಿಸುವ ಕೆಲಸ ಬೇಡ.

ಇನ್ನು ನಿಮ್ಮ ಚಕ್ರ ಬಿಗಿಯಾಗಿದ್ದು ಇನ್ನೂ ಮುರಿದಿಲ್ಲ ಅಂದರೆ ದಯವಿಟ್ಟು ಟವೆಲ್ ಸುತ್ತಿ ತಿರುವಬೇಡಿ. ಡಬ್ಬಿಯ ತಳ ಮುಳುಗುವಷ್ಟು ಬಿಸಿನೀರಿನಲ್ಲಿ ಐದು ನಿಮಿಷ ನಿಲ್ಲಿಸಿ. ಕೈ ತಾಳುವಷ್ಟು ಬಿಸಿ ಸಾಕು. ಥ್ರೆಡ್ಡಿನ ಮೇಣ ಮೆತ್ತಗಾದ ಮೇಲೆ ಚಕ್ರವನ್ನು ಹಿಂದಕ್ಕೂ ಮುಂದಕ್ಕೂ ಸ್ವಲ್ಪ ಸ್ವಲ್ಪ ಆಡಿಸಿ. ನಾನು ಆ ದಿನ ಇಷ್ಟು ಮಾಡಿದ್ದರೆ ಕುತ್ತಿಗೆ ಉಳಿಯುತ್ತಿತ್ತು.

ಈಗ ನನ್ನ ಡಬ್ಬಿ ಡಿಕ್ಕಿಗೆ ಹೋಗುವುದಿಲ್ಲ. ನೀರಿನ ಮಣ್ಣಿನ ಗಡಿಗೆಯ ಪಕ್ಕ ಇಟ್ಟಿದ್ದೇನೆ, ಮನೆಯಲ್ಲಿ ಅದಕ್ಕಿಂತ ತಣ್ಣನೆಯ ಮೂಲೆ ಇನ್ನೊಂದಿಲ್ಲ. ಪೆನ್ಸಿಲ್ ಮೇಲೆ ಅರ್ಧ ಸೆಂಟಿಮೀಟರಿಗೊಂದು ಗೆರೆ ಎಳೆದಿದ್ದೇನೆ, ಎಷ್ಟು ಉಳಿದಿದೆ ಅಂತ ಗೊತ್ತಾಗುತ್ತದೆ. ಇವತ್ತು ಬೆಳಿಗ್ಗೆ ನೋಡಿದೆ, ಇನ್ನೂ ಎರಡು ಗೆರೆ ಇದೆ.